ಚೆಲ್ಲಿದ ಎಣ್ಣೆಯೂ ಅದನ್ನು ತಿನ್ನುವ ಸೂಕ್ಷ್ಮಜೀವಿಗಳೂ

ಮಳೆಗಾಲದ ಮೊದಲನೆಯ ದೊಡ್ಡ ಮಳೆ ಬಿದ್ದ ದಿನ ಹುಬ್ಬಳ್ಳಿಯ ದೇಶಪಾಂಡೆ ನಗರದ ಬೀದಿಯಲ್ಲಿ ನಿಂತು ಗಟಾರದ ನೀರನ್ನು ನೋಡಿದವರಿಗೆ ಅದರ ಮೇಲೆ ಕಾಮನಬಿಲ್ಲಿನ ಬಣ್ಣದ ತೆಳುವಾದ ಪೊರೆಯೊಂದು ತೇಲಿಹೋಗುವದು ಕಾಣುವದು. ಬೇಸಿಗೆಯುದ್ದಕ್ಕೂ ವಾಹನಗಳಿಂದ ತೊಟ್ಟಿಕ್ಕಿದ ಎಣ್ಣೆಯೇ ಅದು. ಊರ ಗಟಾರಗಳು ನಾಲೆಯನ್ನು ಸೇರುವವು. ನಾಲೆಯು ಬಿಡನಾಳ, ಗಬ್ಬೂರು, ಕಟನೂರುಗಳ ಹೊಲಗಳ ಮಗ್ಗುಲಲ್ಲಿ ಹರಿಯುವದು. ಹುಬ್ಬಳ್ಳಿಯ ಕಡೆಯ ಈ ನೀರು ಧಾರವಾಡದ ಸೋಮೇಶ್ವರದಲ್ಲಿ ಹುಟ್ಟುವ ಶಾಲ್ಮಲೆಯೊಡನೆ ಕಲಘಟಗಿಯ ಸೀಮೆಯಲ್ಲಿ ಕೂಡಿ, ಬೇಡ್ತಿಯೆನಿಸಿ, ಮಾಗೋಡಿನಲ್ಲಿ ಧುಮುಕಿ, ಗಂಗಾವಳಿಯೆಂಬ ಹೆಸರಿನಿಂದ ಗೋಕರ್ಣದ ಉತ್ತರಕ್ಕೆ ಅರಬ್ಬೀ ಸಮುದ್ರವನ್ನು ಸೇರುವದು. ಆದ ಕಾರಣ ಕಡಲು ನಮಗೆ ದೂರವೆಂದು ಬಯಲುಸೀಮೆಯವರು ಹೇಳುವಂತಿಲ್ಲ.

ಚೆಲ್ಲಿದ ಎಣ್ಣೆಯ ಗತಿಯೇನೆಂದು ಕೇಳಿದರೆ ನಮ್ಮ ಹಿರಿಯರಲ್ಲಿ ಅನೇಕರು, ಮಣ್ಣಿಗೆ ಬಿದ್ದದ್ದು ಮಣ್ಣಾಗುವದು, ಅದಕ್ಕೇಕೆ ಚಿಂತೆ, ಎಂದು ಉತ್ತರ ಕೊಡುವರು. ಓದು ಬಲ್ಲ ತರುಣರು, ಎಣ್ಣೆಯನ್ನು ತಿನ್ನುವ ಸೂಕ್ಷ್ಮಜೀವಿಗಳಿವೆಯೆಂದು ಅದೇ ಮಾತಿಗೆ ಶಾಸ್ತ್ರದ ಆಧಾರವನ್ನು ಒದಗಿಸುವರು. ಈ ಮಾತು ಸುಳ್ಳಲ್ಲ. ಆದರೆ ಅರ್ಧ ಮಾತು. ಉಳಿದರ್ಧವನ್ನು ತಿಳಿಯದೆ ಇದನ್ನು ನಂಬಿ ನಡೆದರೆ ನಮ್ಮ ಬಾವಿಗಳಿಗೂ ಹೊಲಗಳಿಗೂ ಕೇಡು ತಪ್ಪದೆಂಬದು ನಮ್ಮ ಅಭಿಪ್ರಾಯವು.

ಮೊದಲು ನಿಜವಾದ ಅರ್ಧವನ್ನು ನೋಡೋಣ. ಮನುಷ್ಯನು ಭೂಮಿಯನ್ನು ಕೊರೆದು ಖನಿಜತೈಲವನ್ನು ತೆಗೆಯುವದಕ್ಕೆ ಲಕ್ಷಾಂತರ ವರ್ಷಗಳ ಮುಂಚಿನಿಂದಲೂ ಅದು ಕಡಲ ತಳದ ಬಿರುಕುಗಳಲ್ಲಿ ತಾನಾಗಿಯೇ ಒಸರುತ್ತ ಬಂದಿರುವದು. ಅದನ್ನೇ ಆಹಾರ ಮಾಡಿಕೊಂಡ ಸೂಕ್ಷ್ಮಜೀವಿಗಳು ಎಲ್ಲ ಸಮುದ್ರಗಳಲ್ಲಿಯೂ, ಮಣ್ಣಿನಲ್ಲಿಯೂ ಇರುವವು. ಅಮೇರಿಕದ ಝೋಬೆಲ್ ಎಂಬ ಶಾಸ್ತ್ರಜ್ಞರು ಈ ವಿಷಯದಲ್ಲಿ ಅಂದಿನವರೆಗೆ ತಿಳಿದುದನ್ನೆಲ್ಲ 1946ರಲ್ಲಿ ಒಟ್ಟುಗೂಡಿಸಿ ಬರೆದರು. 1998ರಲ್ಲಿ ಉತ್ತರ ಸಮುದ್ರದ ಬೋರ್ಕುಮ್ ದ್ವೀಪದ ಹೆಸರಿನಿಂದ ಅಲ್ಕಾನಿವೋರಾಕ್ಸ್ ಬೋರ್ಕುಮೆನ್ಸಿಸ್ ಎಂಬ ಜೀವಿಯೊಂದನ್ನು ವರ್ಣಿಸಲಾಯಿತು. ಶುದ್ಧವಾದ ನೀರಿನಲ್ಲಿ ಇದು ವಿರಳ. ಎಣ್ಣೆ ಬಿದ್ದಲ್ಲಿ ಕೆಲವೇ ದಿನಗಳಲ್ಲಿ ಹೇರಳವಾಗಿ ಬೆಳೆಯುವದು. ಎಣ್ಣೆಯು ಇಂಗಾಲ ಜಲಜನಕಗಳ ಸರಪಳಿಗಳಿಂದಾದ ಪದಾರ್ಥವು. ನೇರವಾದ ಸರಪಳಿಗಳನ್ನು ಈ ಜೀವಿಗಳು ಬೇಗನೆ ಕತ್ತರಿಸಿ ತಿನ್ನುವವು. ಉಂಗುರದಾಕಾರದವುಗಳನ್ನು ತಡವಾಗಿ ತಿನ್ನುವವು. ಡಾಂಬರಿನಂಥ ಗಟ್ಟಿ ಭಾಗವನ್ನು ಬಹುಮಟ್ಟಿಗೆ ಬಿಟ್ಟೇಬಿಡುವವು. ತಿಂದದ್ದು ಕಡೆಗೆ ಇಂಗಾಲಾಮ್ಲವಾಯುವೂ ನೀರೂ ಆಗಿ ಹೋಗುವದು.

ಇನ್ನು ಉಳಿದರ್ಧ. 2006ನೆಯ ಇಸವಿ ಮೇ 30ರಂದು ಓಶನ್ ಸೆರಾಯಾ ಎಂಬ ಹಡಗು ಕಾರವಾರದ ಎದುರಿಗಿನ ಬಂಡೆಗಳ ಮೇಲೆ ಏರಿ ಒಡೆಯಿತು. ಅದರ ಎಣ್ಣೆಯು ಮುಂಗಾರಿನ ತೆರೆಗಳೊಡನೆ ಕಾರವಾರದ ದಂಡೆಗೂ ದಕ್ಷಿಣ ಗೋವೆಯ ದಂಡೆಗೂ ಬಂದು ಬಿದ್ದಿತು. ಇಂಥ ಪ್ರಸಂಗದಲ್ಲಿ ಎಣ್ಣೆಯ ಹಗುರಾದ ಭಾಗವು ಗಾಳಿಗೆ ಆರಿಹೋಗುವದು. ಉಳಿದದ್ದರಲ್ಲಿ ಒಂದು ಪಾಲು ನೀರಿನಲ್ಲಿ ತೇಲುವ ರೇವೆಯ ಕಣಗಳಿಗೆ ಅಂಟಿ ತಳಕ್ಕಿಳಿದು ಕೆಸರಿನಲ್ಲಿ ಹೂತುಹೋಗುವದು. ಕಣ್ಣಿಗೆ ಕಾಣದಾದ ಕೂಡಲೆ ನಾವು ಹೋಯಿತೆನ್ನುವೆವು. ಆದರೆ ದಂಡೆಯ ಸಮೀಪದ ಕೆಸರಿನಲ್ಲಿ ಪ್ರಾಣವಾಯುವು ಮೇಲಿನ ಕೆಲವು ಕೂದಲೆಳೆಯಷ್ಟು ದಪ್ಪದಿಂದ ಒಂದೆರಡು ಬೆರಳಿನಷ್ಟು ಆಳದವರೆಗೆ ಮಾತ್ರ ಇರುವದು. ಅದರ ಕೆಳಗೆ ಗಾಳಿ ಬೇಕಾದ ಜೀವಿಗಳು ಬದುಕಲಾರವು. ಅಲ್ಲಿ ಕಡಲನೀರಿನ ಗಂಧಕದ ಲವಣಗಳನ್ನು ಪ್ರಾಣವಾಯುವಿನ ಬದಲಾಗಿ ಉಪಯೋಗಿಸುವ ಬೇರೊಂದು ಜಾತಿಯ ಜೀವಿಗಳಿರುವವು. ಕಪ್ಪು ಕೆಸರನ್ನು ಕೆದಕಿದಾಗ ಬರುವ ಕೊಳೆತ ತತ್ತಿಯ ನಾತವು ಇವುಗಳ ಕೆಲಸದ ಗುರುತು. ಇವೂ ಎಣ್ಣೆಯನ್ನು ತಿನ್ನಬಲ್ಲವೆಂದು 1991ರಲ್ಲಿ ಜರ್ಮನಿಯ ಶಾಸ್ತ್ರಜ್ಞರು ಸಿದ್ಧಮಾಡಿ ತೋರಿಸಿದರು. ಆದರೆ ಇವುಗಳ ಕೆಲಸ ಬಲು ನಿಧಾನ. ನಮ್ಮ ಹೊಲದಲ್ಲಿ ಎರೆಹುಳವು ಮಾಡುವಂತೆ ಕೆಸರಿನಲ್ಲಿ ಬಿಲ ಕೊರೆದು ಗಾಳಿಯಾಡಿಸುವ ಕಡಲಹುಳಗಳು ಉಂಟು. ಎಣ್ಣೆಯ ವಿಷಕ್ಕೆ ಅವೇ ಮೊದಲು ಸಾಯುವದುಂಟು.

ಈ ನಿಧಾನವು ಎಷ್ಟೆಂಬದಕ್ಕೆ ಒಂದು ಉದಾಹರಣೆಯನ್ನು ಕೊಡುವೆವು. 1969ನೆಯ ಇಸವಿ ಸೆಪ್ಟೆಂಬರದಲ್ಲಿ ಅಮೇರಿಕದ ವೆಸ್ಟ್ ಫಾಲ್ಮತ್ ಎಂಬ ಊರ ಹತ್ತಿರ ಫ್ಲೋರಿಡಾ ಎಂಬ ತೈಲದ ದೋಣಿಯು ನೆಲಕ್ಕೆ ತಾಕಿ ಅದರಲ್ಲಿದ್ದ ಎಣ್ಣೆಯು ಜೌಗಿನ ಕೆಸರಿಗೆ ಇಳಿಯಿತು. ಮೂವತ್ತು ವರುಷಗಳಾದ ಮೇಲೆ ಅಗೆದು ನೋಡಿದಾಗ ಕೆಲವು ಬೆರಳುಗಳ ಆಳದಲ್ಲಿ ಆ ಎಣ್ಣೆಯು ಇನ್ನೂ ಇದ್ದಿತು. ತಿನ್ನುವ ಜೀವಿಗಳು ಅಲ್ಲಿ ಇರಲಿಲ್ಲವೆಂದಲ್ಲ. ಅವುಗಳಿಗೆ ಅಲ್ಲಿ ಅನುಕೂಲವಿರಲಿಲ್ಲ.

ಅನುಕೂಲವೆಂದರೆ ಗಾಳಿಯಷ್ಟೇ ಅಲ್ಲ. 1989ನೆಯ ಇಸವಿ ಮಾರ್ಚ 24ರಂದು ಎಕ್ಸಾನ್ ವಾಲ್ಡೀಝ್ ಎಂಬ ಹಡಗು ಅಲಾಸ್ಕದಲ್ಲಿ ಸುಮಾರು 37,000 ಟನ್ ಎಣ್ಣೆಯನ್ನು ಚೆಲ್ಲಿತು. ಆಗ ಅಲ್ಲಿಯವರು ಎಣ್ಣೆ ಹತ್ತಿದ ದಂಡೆಗಳಿಗೆ ಏನು ಹಾಕಿದರೆಂದು ವಾಚಕರು ಊಹಿಸಬಲ್ಲರೇ? ಸಾರಜನಕ ಮತ್ತು ರಂಜಕಗಳ ಗೊಬ್ಬರವನ್ನು! ಎಣ್ಣೆಯಲ್ಲಿ ಇಂಗಾಲವು ಹೇರಳ, ಸಾರಜನಕವು ಇಲ್ಲದಷ್ಟು ಕಡಿಮೆ. ನೂರು ಭಾಗ ಇಂಗಾಲಕ್ಕೆ ಹತ್ತು ಭಾಗ ಸಾರಜನಕ, ಒಂದು ಭಾಗ ರಂಜಕ ಬೇಕೆಂಬದು ಈ ಕೆಲಸದಲ್ಲಿ ರೂಢಿಯಾದ ಅಳತೆಯು. ಗೊಬ್ಬರ ಬಿದ್ದ ದಂಡೆಗಳ ಮೇಲ್ಮೈ ಬೇಗನೆ ಶುದ್ಧವಾಗತೊಡಗಿತು. ಅದಾಗ್ಯೂ ಕಲ್ಲುಗಳ ಕೆಳಗೆ ಗಾಳಿಯಾಡದಲ್ಲಿ ಇಳಿದಿದ್ದ ಎಣ್ಣೆಯು 2001ರಲ್ಲಿ ಅಗೆದು ನೋಡಿದಾಗಲೂ ಅನೇಕ ಕಡೆ ಉಳಿದೇ ಇದ್ದಿತು.

ಈ ಧರ್ಮವು ಒಕ್ಕಲಿಗನಿಗೆ ಹೊಸದಲ್ಲ. ಕೊಳೆಯದ ಜೋಳದ ದಂಟನ್ನು ಹೊಲದಲ್ಲಿ ಹೂತು ಕೂಡಲೆ ಬಿತ್ತಿದರೆ ಬೆಳೆಯು ಹಳದಿಯಾಗುವದನ್ನು ನಾವೆಲ್ಲರೂ ಕಂಡಿರುವೆವು. ದಂಟನ್ನು ಕೊಳೆಯಿಸುವ ಜೀವಿಗಳು ಮಣ್ಣಿನ ಸಾರಜನಕವನ್ನು ತಾವೇ ಹಿಡಿದುಕೊಳ್ಳುವದೇ ಇದಕ್ಕೆ ಕಾರಣ. ಡೀಝೆಲ್ ಚೆಲ್ಲಿದಲ್ಲಿ ಬೆಳೆಯು ಬಿಳಚಿಕೊಳ್ಳುವದಕ್ಕೆ ಎಣ್ಣೆಯ ವಿಷದೊಡನೆ ಈ ಕಾರಣವೂ ಕೂಡಿರುವದು. ಇನ್ನು ಗಾಳಿಯ ಮಾತು. ನಮ್ಮ ಎರೆಯ ಮಣ್ಣು ಮಳೆಗೆ ಉಬ್ಬಿ ತನ್ನ ರಂಧ್ರಗಳನ್ನು ತಾನೇ ಮುಚ್ಚಿಕೊಳ್ಳುವದು. ಆಗ ಅದಕ್ಕೂ ಕಡಲ ಕೆಸರಿಗೂ ಹೆಚ್ಚಿನ ಭೇದವಿಲ್ಲ. ಅಂಥ ಮಣ್ಣಿನಲ್ಲಿ ಗುಂಡಿ ತೋಡಿ ಇಂಜಿನ್ನಿನ ಸುಟ್ಟ ಎಣ್ಣೆಯನ್ನು ಸುರಿದು ಮುಚ್ಚುವದೆಂದರೆ ಅದನ್ನು ಮೊಮ್ಮಕ್ಕಳಿಗಾಗಿ ಜೋಪಾನ ಮಾಡಿ ಇಟ್ಟಂತೆಯೇ ಸರಿ. ಹೂತ ಎಣ್ಣೆಯು ಹೋದ ಎಣ್ಣೆಯಲ್ಲ. ಸುಟ್ಟ ಎಣ್ಣೆಯಲ್ಲಿ ಇಂಜಿನ್ನಿನಿಂದ ಸವೆದ ಲೋಹಗಳೂ ಸೇರಿರುವವು. ಲೋಹವನ್ನು ತಿಂದು ಇಲ್ಲದಂತೆ ಮಾಡುವ ಜೀವಿಯು ಲೋಕದಲ್ಲಿಯೇ ಇಲ್ಲ.

ಇದನ್ನು ನಮ್ಮ ಮಣ್ಣು ಪರೀಕ್ಷೆಯೂ ತಿಳಿಸಲಾರದು. 2015ರಲ್ಲಿ ಆರಂಭವಾದ ಮಣ್ಣು ಆರೋಗ್ಯ ಚೀಟಿಯು ಹನ್ನೆರಡು ಗುಣಗಳನ್ನು ಹೇಳುವದು. ಎಣ್ಣೆಯು ಅವುಗಳಲ್ಲಿ ಒಂದಲ್ಲ. ಪೇಟೆಯ ಹತ್ತಿರದ ಹೊಲಗಳಿಗಾದರೂ ಈ ಪರೀಕ್ಷೆಯನ್ನು ಕೂಡಿಸಬೇಕೆಂದು ನಮ್ಮ ಸೂಚನೆಯು. ಆ ವರೆಗೆ ಕೇಡು ಬರದಂತೆ ನೋಡಿಕೊಳ್ಳುವ ಭಾರವು ಗ್ರಾಮದ ಪ್ರಮುಖರ ಮೇಲೆಯೇ ಇರುವದು. ಅದಕ್ಕಾಗಿ ನಾಲ್ಕು ಮಾತುಗಳನ್ನು ಬಿನ್ನವಿಸುವೆವು.

ಮೊದಲನೆಯದು: ಪ್ರತಿಯೊಂದು ಊರಲ್ಲಿ ಪಂಚಾಯತಿಯ ವತಿಯಿಂದ ಮುಚ್ಚಳವುಳ್ಳ ಒಂದು ಕಬ್ಬಿಣದ ಪಿಪಾಯಿಯನ್ನು ನೆರಳಿನಲ್ಲಿ ಇಡಿಸಿ, ಟ್ರ್ಯಾಕ್ಟರು ಪಂಪುಗಳ ಸುಟ್ಟ ಎಣ್ಣೆಯನ್ನೆಲ್ಲ ಅದರಲ್ಲಿ ಕೂಡಿಹಾಕಿ, ಪರವಾನಿಗೆಯುಳ್ಳ ಶುದ್ಧೀಕರಣದವರಿಗೆ ಮಾರತಕ್ಕದ್ದು. ಸುಟ್ಟ ಎಣ್ಣೆಯು ಅಪಾಯಕರ ತ್ಯಾಜ್ಯವೆಂದು 2016ರ ನಿಯಮಗಳು ಹೇಳುವವು. 2024ನೆಯ ಇಸವಿ ಏಪ್ರಿಲ್ 1ರಿಂದ ಅದನ್ನು ತಿರುಗಿ ಶುದ್ಧಮಾಡಿಸುವ ಹೊಣೆಯು ಎಣ್ಣೆ ತಯಾರಿಸುವವರ ಮೇಲೆಯೂ ಬಿದ್ದಿರುವದು.

ಎರಡನೆಯದು: ಬಾವಿಯ ದಂಡೆಯ ಮೇಲೆ ಇಂಜಿನ್ನಿಗೆ ಎಣ್ಣೆ ತುಂಬಕೂಡದು, ಇಂಜಿನ್ನಿನ ಕೆಳಗೆ ತಗಡಿನ ತಾಟೊಂದನ್ನು ಇಡತಕ್ಕದ್ದು.

ಮೂರನೆಯದು: ಗೆದ್ದಲಿಗೆಂದು ಕಂಬಗಳ ಬುಡಕ್ಕೂ, ಕಳೆಗೆಂದು ಬದುವಿಗೂ ಸುಟ್ಟ ಎಣ್ಣೆಯನ್ನು ಸುರಿಯುವ ರೂಢಿಯನ್ನು ಬಿಡತಕ್ಕದ್ದು.

ನಾಲ್ಕನೆಯದು: ಹೊಲದಲ್ಲಿ ಸ್ವಲ್ಪ ಡೀಝೆಲ್ ಚೆಲ್ಲಿದರೆ ಅದನ್ನು ಮಣ್ಣಿನಿಂದ ಮುಚ್ಚದೆ, ನಿಂತ ಎಣ್ಣೆಯನ್ನು ಕಟ್ಟಿಗೆಯ ಹೊಟ್ಟಿನಿಂದ ಹೀರಿಸಿ ತೆಗೆದು, ನೆಲವನ್ನು ಸಡಿಲು ಮಾಡಿ, ಚೆನ್ನಾಗಿ ಕಳಿತ ತಿಪ್ಪೆಗೊಬ್ಬರವನ್ನೂ ಒಂದಿಷ್ಟು ಯೂರಿಯಾವನ್ನೂ ಬೆರೆಸಿ, ಹಸಿ ಆರದಂತೆಯೂ ನೀರು ನಿಲ್ಲದಂತೆಯೂ ನೋಡಿಕೊಂಡು, ಹದಿನೈದು ದಿನಕ್ಕೊಮ್ಮೆ ಹೊರಳಿಸತಕ್ಕದ್ದು. ಅಲ್ಲಿ ಆ ವರುಷ ಕಾಯಿಪಲ್ಯ ಬೆಳೆಯಬಾರದು. ತೈಲದ ಲಾರಿ ಉರುಳಿದಂಥ ದೊಡ್ಡ ಪ್ರಸಂಗವಾದರೆ ಇದೊಂದನ್ನೂ ಮಾಡದೆ ಬೆಂಕಿಯನ್ನು ದೂರವಿಟ್ಟು, ಪೋಲೀಸರಿಗೂ ಮಾಲಿನ್ಯ ನಿಯಂತ್ರಣ ಮಂಡಳಿಗೂ ಸುದ್ದಿ ಮುಟ್ಟಿಸತಕ್ಕದ್ದು.

ಸೀಸೆಯಲ್ಲಿ ತುಂಬಿದ ಜೀವಿಗಳನ್ನು ತಂದು ಸುರಿದರೆ ಸಾಲದೇ ಎಂದು ಕೆಲವರು ಕೇಳಬಹುದು. ಕೆಲವು ಕಡೆ ಅವು ಉಪಯೋಗಕ್ಕೆ ಬಂದಿರುವದುಂಟು. ಆದರೆ ನೆಲದಲ್ಲಿ ಮೊದಲೇ ಇರುವ ಜೀವಿಗಳಿಗೆ ಗಾಳಿ ಗೊಬ್ಬರಗಳನ್ನು ಒದಗಿಸದೆ ಹೊಸಬರನ್ನು ತಂದರೆ, ಮನೆಯ ಎತ್ತಿಗೆ ಮೇವು ಹಾಕದೆ ಸಂತೆಯಿಂದ ಇನ್ನೊಂದು ಜೋಡಿಯನ್ನು ತಂದು ಕಟ್ಟಿದಂತೆ ಆದೀತು.

ಸೂಕ್ಷ್ಮಜೀವಿಗಳು ನಮ್ಮ ಕೂಲಿಯಾಳುಗಳಲ್ಲ. ತಮ್ಮ ಅನುಕೂಲ ಕಂಡಲ್ಲಿ ತಮ್ಮ ವೇಳೆಗೆ ದುಡಿಯುವವು. ಅವುಗಳಿಗೆ ಹೊರಲಾರದ ಹೊರೆಯನ್ನು ಹೊರಿಸದಿರುವದು ನಮ್ಮ ಕೈಯಲ್ಲಿರುವದು. ಹಳ್ಳಿಯಲ್ಲಿ ಜನರು ಉಪದೇಶವನ್ನು ಕೇಳುವದಕ್ಕಿಂತ ಹಿರಿಯರ ನಡೆಯನ್ನು ನೋಡುವದು ಹೆಚ್ಚು. ದೊಡ್ಡ ಹಿಡುವಳಿಯವರ ಟ್ರ್ಯಾಕ್ಟರಿನ ಎಣ್ಣೆಯು ಮೊದಲು ಪಿಪಾಯಿಗೆ ಬಿದ್ದರೆ ಉಳಿದವರದೂ ಅಲ್ಲಿಗೇ ಬರುವದು. ಅವರದು ಹಳ್ಳಕ್ಕೆ ಹೋದರೆ ಊರಿನದೆಲ್ಲವೂ ಹಳ್ಳಕ್ಕೇ ಹೋಗುವದು. ಬರುವ ಮಳೆಗಾಲಕ್ಕೆ ಮುಂಚೆಯೇ ಗ್ರಾಮದ ಪ್ರಮುಖರು ಈ ಕೆಲಸಕ್ಕೆ ಕೈಹಚ್ಚುವರೆಂದು ನಂಬಿರುವೆವು.