ಮೇಲ್ಮನವಿ ಹಾಕಿದರೆ ಸಾಲದು, ಠೇವಣಿ ಕಟ್ಟಿದರಷ್ಟೇ ವಸೂಲಿಗೆ ತಡೆ

ತಾಂಡೂರಿನ ಸಿಮೆಂಟ್ ಕಾರ್ಖಾನೆಯಿರಲಿ, ಬೊಮ್ರಾಸಪೇಟ್‌ನ ಸಣ್ಣ ವ್ಯಾಪಾರಿಯಿರಲಿ, ತೆರಿಗೆ ಆದೇಶ ಬಂದಾಗ ಏಳುವ ಪ್ರಶ್ನೆ ಒಂದೇ: ಮೇಲ್ಮನವಿ ಸಲ್ಲಿಸಿದರೆ ವಸೂಲಿ ನಿಲ್ಲುತ್ತದೆಯೇ? ಅಷ್ಟರಿಂದಲೇ ನಿಲ್ಲುವುದಿಲ್ಲ.

1944ರ ಕೇಂದ್ರ ಅಬಕಾರಿ ಕಾಯ್ದೆಯ 35ಎಫ್ ಕಲಮಿನ ಪ್ರಕಾರ 2014ರವರೆಗೆ, ವಿವಾದದಲ್ಲಿರುವ ಪೂರ್ತಿ ಹಣ ಕಟ್ಟಿಯೇ ಮೇಲ್ಮನವಿ ನಡೆಸಬೇಕಿತ್ತು. ತೀವ್ರ ಸಂಕಷ್ಟವಾಗುತ್ತದೆ ಎಂದು ಮನವರಿಕೆ ಮಾಡಿಕೊಟ್ಟರೆ ವಿನಾಯಿತಿ ಸಿಗುತ್ತಿತ್ತು. ಹೀಗಾಗಿ ಮೂಲ ವಿವಾದಕ್ಕೆ ಮೊದಲು ತಡೆಯಾಜ್ಞೆಯದೇ ಇನ್ನೊಂದು ವ್ಯಾಜ್ಯ. ಆಗ ಇಲ್ಲಿನವರು ನ್ಯಾಯಮಂಡಳಿಗಾಗಿ ಬೆಂಗಳೂರಿಗೆ ಅಲೆಯಬೇಕಿತ್ತು. ಈಗ ಹೈದರಾಬಾದಿನಲ್ಲೇ ಪೀಠವಿದೆ.

ತಡೆಯಾಜ್ಞೆ ಸಿಕ್ಕರೂ ನೆಮ್ಮದಿ ಇರಲಿಲ್ಲ. ಮೇಲ್ನೋಟಕ್ಕೆ ವಾದ ಸರಿಯಿದೆ ಎಂಬ ಒಂದೇ ಕಾರಣಕ್ಕೆ ತೆರಿಗೆ ವಸೂಲಿ ತಡೆಯಬಾರದೆಂದು ಸುಪ್ರೀಂ ಕೋರ್ಟ್ 1984ರಲ್ಲಿ ಡನ್‌ಲಪ್ ಪ್ರಕರಣದಲ್ಲಿ ಹೇಳಿತ್ತು. 2002ರ ತಿದ್ದುಪಡಿಯಿಂದ 180 ದಿನಗಳಲ್ಲಿ ತೀರ್ಪು ಬರದಿದ್ದರೆ ತಡೆಯಾಜ್ಞೆ ರದ್ದಾಗುವಂತಾಯಿತು. ವಿಳಂಬ ಮೇಲ್ಮನವಿದಾರನದಲ್ಲದಿದ್ದರೆ ಅವನಿಗೆ ಶಿಕ್ಷೆ ಸಲ್ಲದೆಂದು 2005ರಲ್ಲಿ ಕುಮಾರ್ ಕಾಟನ್ ಮಿಲ್ಸ್ ಪ್ರಕರಣದಲ್ಲಿ ಅದೇ ಕೋರ್ಟ್ ಹೇಳಬೇಕಾಯಿತು. ಮೇಲ್ಮನವಿ ಸಲ್ಲಿಸಿ 30 ದಿನಗಳಲ್ಲಿ ತಡೆಯಾಜ್ಞೆ ಸಿಗದಿದ್ದರೆ ವಸೂಲಿ ಆರಂಭಿಸಿ ಎಂದು 2013ರ ಜನವರಿ 1ರ ಸುತ್ತೋಲೆ ಅಧಿಕಾರಿಗಳಿಗೆ ಸೂಚಿಸಿತು. ಅರ್ಜಿ ವಿಚಾರಣೆಗೇ ಬಾರದಿದ್ದರೂ ಪೆಟ್ಟು ತೆರಿಗೆದಾರನಿಗೆ! ಉದ್ಯಮಿಗಳು ಹೈಕೋರ್ಟ್‌ಗಳ ಮೊರೆ ಹೋದರು.

2014ರ ಆಗಸ್ಟ್ 6ರಿಂದ ನಿಯಮ ಬದಲಾಯಿತು. ಮೊದಲ ಮೇಲ್ಮನವಿಗೆ ವಿವಾದಿತ ಸುಂಕದ ಶೇ. 7.5, ಎರಡನೆಯದಕ್ಕೆ ಶೇ. 10 ಠೇವಣಿ, ಗರಿಷ್ಠ 10 ಕೋಟಿ ರೂ. ಅಂದರೆ 10 ಲಕ್ಷ ರೂ. ಸುಂಕದ ವಿವಾದಕ್ಕೆ ಮೊದಲ ಹಂತದಲ್ಲಿ 75 ಸಾವಿರ ರೂ. ಅದನ್ನು ಕಟ್ಟಿದರೆ ಉಳಿದ ಹಣಕ್ಕೆ ಬಲವಂತದ ಕ್ರಮವಿಲ್ಲ ಎಂದು ಅದೇ ವರ್ಷ ಸೆಪ್ಟೆಂಬರ್ 16ರ ಸುತ್ತೋಲೆ ಸ್ಪಷ್ಟಪಡಿಸಿತು. ಗೆದ್ದರೆ ಠೇವಣಿ ಬಡ್ಡಿಸಹಿತ ವಾಪಸು.

2017ರ ಜುಲೈನಲ್ಲಿ ಜಿಎಸ್‌ಟಿ ಬಂದ ಮೇಲೆ ಕೇಂದ್ರ ಅಬಕಾರಿ ಸುಂಕ ಮುಖ್ಯವಾಗಿ ಪೆಟ್ರೋಲಿಯಂ ಮತ್ತು ತಂಬಾಕಿಗೆ ಸೀಮಿತವಾಯಿತು. ಹಳೆಯ ವ್ಯಾಜ್ಯಗಳು ಹಳೆಯ ಕಾಯ್ದೆಯಲ್ಲೇ ನಡೆಯುತ್ತವೆ. ಜಿಎಸ್‌ಟಿಯಲ್ಲೂ ಸೂತ್ರ ಅದೇ: ಒಪ್ಪಿಕೊಂಡ ತೆರಿಗೆಯನ್ನು ಪೂರ್ತಿ, ವಿವಾದಿತ ತೆರಿಗೆಯ ಶೇ. 10 ಕಟ್ಟಿದರೆ ಉಳಿದದ್ದಕ್ಕೆ ತಾನಾಗಿಯೇ ತಡೆ.

ಇದು ಸುಧಾರಣೆಯೇ. ಆದರೆ ಪೂರ್ಣ ವಿನಾಯಿತಿ ನೀಡುವ ಅಧಿಕಾರ ಮೇಲ್ಮನವಿ ಪ್ರಾಧಿಕಾರಕ್ಕೆ ಈಗಿಲ್ಲ. ಅಧಿಕಾರಿ ತಪ್ಪಾಗಿ ಕೋಟಿ ರೂ. ಲೆಕ್ಕ ಹಾಕಿದರೂ ಸಣ್ಣ ಘಟಕ ಲಕ್ಷಗಟ್ಟಲೆ ಹೊಂದಿಸಲೇಬೇಕು. ದೊಡ್ಡ ಕಂಪನಿಗೆ ಮಿತಿಯ ರಕ್ಷಣೆಯಿದೆ, ಸಣ್ಣವನಿಗೆ ಅಂಥ ಆಸರೆಯಿಲ್ಲ.

ಇನ್ನೂ ದೊಡ್ಡ ಅಪಾಯ ಗಡುವಿನದು. ಅಬಕಾರಿಯಲ್ಲಿ ಮೊದಲ ಮೇಲ್ಮನವಿಗೆ 60 ದಿನ, ಸಕಾರಣವಿದ್ದರೆ ಮತ್ತೆ 30 ದಿನ. ಅದರಾಚೆಗಿನ ವಿಳಂಬ ಮನ್ನಿಸುವ ಅಧಿಕಾರ ಆಯುಕ್ತರಿಗಿಲ್ಲವೆಂದು 2007ರಲ್ಲಿ ಸಿಂಗ್ ಎಂಟರ್‌ಪ್ರೈಸಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ತೀರ್ಪಿತ್ತಿದೆ. ಜಿಎಸ್‌ಟಿಯಲ್ಲಿ ಮೂರು ತಿಂಗಳು, ಮೇಲೆ ಒಂದು ತಿಂಗಳು. ಆದೇಶಗಳು ಪೋರ್ಟಲ್‌ನಲ್ಲಿ ಬರುವ ಈ ಕಾಲದಲ್ಲಿ ಅದನ್ನು ತೆರೆದು ನೋಡದ ವ್ಯಾಪಾರಿಗೆ ಗಡುವು ಮುಗಿದದ್ದು ಖಾತೆ ಜಪ್ತಿಯಾದಾಗಲೇ ತಿಳಿದೀತು. ಠೇವಣಿಯ ಹಣ ಇದ್ದೂ ಆಗ ಪ್ರಯೋಜನವಿಲ್ಲ.