ಮಗಳು ಕಾಣೆಯಾಗಿಲ್ಲ, ಮದುವೆಯಾಗಿದ್ದಾಳೆ

'ನಾ ಮೆಚ್ಚಿದವನ್ನ ಮದುವಿ ಆದ್ರ ಅಪ್ಪ ಪೊಲೀಸ್ ಕಂಪ್ಲೇಂಟ್ ಕೊಡ್ತೀನಿ ಅಂತಾರ. ಪೊಲೀಸ್ರು ನನ್ನ ಎಳಕೊಂಡು ಬರ್ತಾರೇನ್ರಿ?' ನಿಮ್ಮಲ್ಲಿ ಹಲವರ ಮನಸ್ಸಿನಲ್ಲಿರುವ ಪ್ರಶ್ನೆ ಇದು. ಕೇಳುವವರು ಹದಿನಾರರ ಹುಡುಗಿಯರಲ್ಲ. ಡಿಗ್ರಿ ಮುಗಿಸಿ ಕೆಲಸಕ್ಕೆ ಹೋಗುವವರು, ಸಂಬಳ ತಂದು ಮನೆಗೆ ಕೊಡುವವರು. ದುಡ್ಡು ಎಣಿಸಿಕೊಳ್ಳುವಾಗ ಮಗಳು ದೊಡ್ಡವಳು, ಮದುವೆ ಮಾತು ಬಂದಾಗ ಮಾತ್ರ 'ಅಕಿಗೇನ್ ತಿಳೀತದ?'

ಬೈಲಹೊಂಗಲದ ಕಡೆಯವರು ಉತ್ತರ ಹುಡುಕಿಕೊಂಡು ದೂರ ಹೋಗಬೇಕಿಲ್ಲ. 2020ರ ಅಕ್ಟೋಬರ್‌ನಲ್ಲಿ ಪಕ್ಕದ ಸವದತ್ತಿ ತಾಲ್ಲೂಕಿನ ಮುರಗೋಡ ಠಾಣೆಯಲ್ಲಿ ತಂದೆಯೊಬ್ಬರು ಮಗಳು ಕಾಣೆಯಾಗಿದ್ದಾಳೆಂದು ದೂರು ಕೊಟ್ಟರು. ಮಗಳು ಉಪನ್ಯಾಸಕಿ. ಬೇರೆ ಊರಿಗೆ ಹೋಗಿ ಮೆಚ್ಚಿದವನನ್ನು ಮದುವೆಯಾಗಿ, ಮದುವೆಯ ಸರ್ಟಿಫಿಕೇಟನ್ನು ವಾಟ್ಸ್‌ಆ್ಯಪ್‌ನಲ್ಲಿ ಮನೆಯವರಿಗೆ ಕಳಿಸಿದ್ದಳು. ಪೊಲೀಸರಿಗೂ ಪತ್ರ ಬರೆದಳು. ಹಾಗಿದ್ದ ಮೇಲೆ ಕಾಣೆಯಾದದ್ದಾದರೂ ಏನು? ಆದರೂ ತನಿಖಾಧಿಕಾರಿ, ಠಾಣೆಗೇ ಬಂದು ಹೇಳಿಕೆ ಕೊಡಬೇಕು ಎಂದು ಪಟ್ಟು ಹಿಡಿದರು. ಬರದಿದ್ದರೆ ಬೇರೆ ಕೇಸು ಬಿದ್ದೀತು ಎಂಬ ಹೆದರಿಕೆ ಬೇರೆ.

ದಂಪತಿ ಸುಪ್ರೀಂ ಕೋರ್ಟ್ ಮೆಟ್ಟಿಲೇರಿದರು. 2021ರ ಫೆಬ್ರುವರಿ 8ರಂದು ನ್ಯಾಯಮೂರ್ತಿಗಳಾದ ಸಂಜಯ್ ಕಿಶನ್ ಕೌಲ್ ಮತ್ತು ಹೃಷಿಕೇಶ್ ರಾಯ್ ಆ ಎಫ್‌ಐಆರನ್ನೇ ರದ್ದು ಮಾಡಿದರು. ವಯಸ್ಸಿಗೆ ಬಂದ ಇಬ್ಬರು ಒಪ್ಪಿದ ಮೇಲೆ ಮನೆಯವರದ್ದಾಗಲಿ, ಸಮುದಾಯದ್ದಾಗಲಿ ಒಪ್ಪಿಗೆ ಬೇಕಿಲ್ಲ ಎಂದರು. ಇಂಥ ಪ್ರಕರಣಗಳನ್ನು ಹೇಗೆ ನಿಭಾಯಿಸಬೇಕೆಂದು 8 ವಾರದೊಳಗೆ ಮಾರ್ಗಸೂಚಿ ಮಾಡಿ, ಪೊಲೀಸರಿಗೆ ತರಬೇತಿ ಕೊಡಿ ಎಂದೂ ಹೇಳಿದರು.

ಹಾಗಾಗಿ ಹೆದರಬೇಡಿ, ಆದರೆ ಕಾಗದಪತ್ರ ಸರಿ ಇಟ್ಟುಕೊಳ್ಳಿ. ಹುಡುಗಿಗೆ 18, ಹುಡುಗನಿಗೆ 21 ತುಂಬಿರಬೇಕು. ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡ್, ಆಧಾರ್ ನಿಮ್ಮ ಕೈಯಲ್ಲೇ ಇರಲಿ. ಎಷ್ಟೋ ಮನೆಗಳಲ್ಲಿ ಮೊದಲು ಬೀರುವಿನೊಳಗೆ ಸೇರುವುದು ಅವೇ. ಜಾತಿ, ಧರ್ಮ ಬೇರೆಯಾಗಿದ್ದರೆ 1954ರ ವಿಶೇಷ ವಿವಾಹ ಕಾಯ್ದೆ ಇದೆ. ಅದರಲ್ಲಿ 30 ದಿನ ಮೊದಲೇ ನೋಟಿಸು ಕೊಡಬೇಕು, ಅದನ್ನು ಕಚೇರಿಯಲ್ಲಿ ಅಂಟಿಸುತ್ತಾರೆ. ಸುದ್ದಿ ಮನೆಗೆ ಮುಟ್ಟುವುದು ಹೆಚ್ಚಾಗಿ ಅಲ್ಲಿಂದಲೇ. ಯಾರಾದರೂ ತಕರಾರು ಎತ್ತಿದರೂ 'ನಮ್ಮ ಜಾತಿಯವನಲ್ಲ' ಎಂಬುದು ಕಾನೂನಿನ ಮುಂದೆ ತಕರಾರೇ ಅಲ್ಲ.

ಇನ್ನು ಠಾಣೆಯ ಮಾತು. ಸಾಕ್ಷಿ ಹೇಳಿಕೆಗಾಗಿ ಹೆಂಗಸರನ್ನು ಅವರು ವಾಸವಿರುವ ಜಾಗ ಬಿಟ್ಟು ಬೇರೆಡೆಗೆ ಬರಲೇಬೇಕೆಂದು ಪೊಲೀಸರು ಒತ್ತಾಯಿಸುವಂತಿಲ್ಲ. ಹಳೆಯ ಕಾನೂನಿನಲ್ಲೂ ಇದಿತ್ತು, 2024ರ ಜುಲೈನಲ್ಲಿ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 179ನೇ ಕಲಮಿನಲ್ಲೂ ಇದೆ. ಮನೆಯಲ್ಲಿ ಕೂಡಿ ಹಾಕಿದರೆ ಅದು ಅಪರಾಧ, 112ಕ್ಕೆ ಫೋನ್ ಮಾಡಿ. ವಕೀಲರಿಗೆ ದುಡ್ಡಿಲ್ಲವೆಂದು ಸುಮ್ಮನಾಗಬೇಡಿ, ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವು ಸಿಗುತ್ತದೆ, ನಂಬರು 15100.

ಒಂದು ಮಾತು ಮಾತ್ರ ಕಟುವಾಗಿಯೇ ಹೇಳುತ್ತೇವೆ. ಕಾನೂನು ನಿಮಗೆ ಹಕ್ಕು ಕೊಟ್ಟಿದೆ, ಹುಡುಗ ಹೇಗೆ ಎಂದು ವಿಚಾರಿಸುವ ಕೆಲಸ ಮಾಡುವುದಿಲ್ಲ. ಅವನ ಕೆಲಸ, ಸಾಲ, ಮೊದಲೇ ಮದುವೆಯಾಗಿದೆಯೇ, ಇದನ್ನೆಲ್ಲ ನೀವೇ ತಿಳಿದುಕೊಳ್ಳಬೇಕು. ಮದುವೆಯಾದ ಮೇಲೂ ನಿಮ್ಮ ಕೆಲಸ ಬಿಡಬೇಡಿ.

ತಾಯಂದಿರಿಗೂ ಹೇಳುವುದಿದೆ. ಹರಳಯ್ಯನ ಮಗ, ಮಧುವರಸನ ಮಗಳ ಮದುವೆಯ ಕತೆ ಪುರಾಣದಲ್ಲಿ ಕೇಳಿ ಕಣ್ಣೊರೆಸಿಕೊಳ್ಳುತ್ತೇವೆ. ನಮ್ಮ ಮನೆಯಲ್ಲಿ ಅಂಥದೇ ಆದರೆ 'ಮಂದಿ ಏನಂದಾರು' ಎನ್ನುತ್ತೇವೆ. ಮುರಗೋಡ ಪ್ರಕರಣದ ತೀರ್ಪಿನಲ್ಲಿ ನ್ಯಾಯಮೂರ್ತಿಗಳು, ತಂದೆ-ತಾಯಿ ಮದುವೆಯನ್ನು ಒಪ್ಪಿಕೊಂಡು ಮಗಳೊಂದಿಗಷ್ಟೇ ಅಲ್ಲ, ಅಳಿಯನೊಂದಿಗೂ ಹೋಗಿ-ಬರುವ ಸಂಬಂಧ ಇಟ್ಟುಕೊಂಡಾರು ಎಂದು ಆಶಿಸಿದ್ದರು. ನಿಮ್ಮ ಮನೆಯವರು ದೂರು ಕೊಡಲು ಚಪ್ಪಲಿ ಮೆಟ್ಟಿ ಹೊರಟರೆ, ಒಂದು ನಿಮಿಷ ತಡೆದು ಮಗಳ ನಂಬರಿಗೆ ಫೋನ್ ಹಚ್ಚಿ ನೋಡಿ.