ಕೇಳದೆ ಕೊಟ್ಟ ಶಿಕ್ಷೆ ಊರಿಗೂ ಶಿಕ್ಷೆ

ದಾವಣಗೆರೆ ತಾಲ್ಲೂಕಿನ ಹದಡಿಯ ಜನಕ್ಕೆ ಸರ್ಕಾರ ಕಾಣುವುದು ಕೆಲವೇ ಮುಖಗಳಲ್ಲಿ. ಪಹಣಿ, ಪೋಡಿ ನೋಡುವ ಗ್ರಾಮ ಆಡಳಿತಾಧಿಕಾರಿ, ಪಂಚಾಯಿತಿಯ ಪಿಡಿಒ, ನಲ್ಲಿಗೆ ನೀರು ಬಿಡುವ ವಾಟರ್‌ಮ್ಯಾನ್, ಮಳೆಯಲ್ಲೂ ಕಂಬ ಹತ್ತುವ ಲೈನ್‌ಮನ್, ಅಂಗನವಾಡಿ ಟೀಚರ್, ದಾವಣಗೆರೆ–ಹರಿಹರದ ಬಸ್ಸಿನ ಕಂಡಕ್ಟರ್. ಇವರಲ್ಲಿ ಎಷ್ಟು ಮಂದಿಯನ್ನು ಒಂದು ಮಾತೂ ಕೇಳದೆ ಮನೆಗೆ ಕಳಿಸಬಹುದು ಎಂದು ಲೆಕ್ಕ ಹಾಕಿದರೆ ಗಾಬರಿಯಾಗುತ್ತದೆ. ಆ ಸಂಖ್ಯೆ ವರ್ಷದಿಂದ ವರ್ಷಕ್ಕೆ ಬೆಳೆಯುತ್ತಿದೆ. ಉಳಿದವರಿಗೆ ಕಾನೂನು ಕೊಟ್ಟಿರುವ ವಿಚಾರಣೆಯೂ ಕಡತ ತುಂಬಿಸುವ ಶಾಸ್ತ್ರವಾಗುತ್ತಿದೆ.

ಸಂವಿಧಾನದ 311ನೇ ವಿಧಿಯ ಮಾತು ಸರಳ. ಸರ್ಕಾರಿ ನೌಕರನನ್ನು ನೇಮಿಸಿದ ಅಧಿಕಾರಿಗಿಂತ ಕೆಳಗಿನವರು ವಜಾ ಮಾಡುವಂತಿಲ್ಲ; ಆರೋಪ ತಿಳಿಸಿ, ಉತ್ತರಿಸಲು ಸಾಕಷ್ಟು ಅವಕಾಶ ಕೊಟ್ಟು, ವಿಚಾರಣೆ ನಡೆಸದೆ ಕೆಲಸದಿಂದ ತೆಗೆಯುವಂತಿಲ್ಲ. ನಮ್ಮ ರಾಜ್ಯದ 1957ರ ನಾಗರಿಕ ಸೇವಾ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ (ಸಿಸಿಎ) ನಿಯಮಗಳು ಇದನ್ನೇ ಹಂತ ಹಂತವಾಗಿ ಬಿಡಿಸಿ ಹೇಳುತ್ತವೆ: ದೋಷಾರೋಪಣಾ ಪಟ್ಟಿ, ಅದರ ಜೊತೆಗೆ ದಾಖಲೆಗಳ ಪಟ್ಟಿ, ಸಾಕ್ಷಿಗಳ ಪಟ್ಟಿ, ಪಾಟೀಸವಾಲು. ವಿಚಾರಣಾ ವರದಿಯ ಪ್ರತಿಯನ್ನು ನೌಕರನಿಗೆ ಕೊಟ್ಟು ಅವನ ಆಕ್ಷೇಪಣೆ ಪಡೆದ ಮೇಲೆಯೇ ಶಿಕ್ಷೆಯ ತೀರ್ಮಾನ ಆಗಬೇಕೆಂದು ಸುಪ್ರೀಂ ಕೋರ್ಟ್ 1993ರಲ್ಲಿ ಬಿ. ಕರುಣಾಕರ್ ಪ್ರಕರಣದಲ್ಲಿ ಖಚಿತಪಡಿಸಿತು.

ಈ ಪಾಠದ ದೊಡ್ಡ ಭಾಗ ಬರೆದದ್ದು ಕನ್ನಡ ನೆಲದ ಪ್ರಕರಣಗಳೇ. ನೌಕರನಿಗೆ ತಿಳಿಸದ ಹಳೆಯ ತಪ್ಪುಗಳನ್ನು ಕೊನೆಗಳಿಗೆಯಲ್ಲಿ ತೆಗೆದು ಶಿಕ್ಷೆ ಹೆಚ್ಚಿಸುವಂತಿಲ್ಲ ಎಂಬುದನ್ನು 1963ರಲ್ಲಿ ಮೈಸೂರು ಸರ್ಕಾರ ಮತ್ತು ಕೆ. ಮಂಚೇಗೌಡ ನಡುವಿನ ಪ್ರಕರಣ ಸ್ಥಾಪಿಸಿತು. ಅದಕ್ಕಿಂತ ಕರುಳು ಹಿಂಡುವುದು ಕೋಲಾರದ ಚಿನ್ನದ ಗಣಿಯ ಕಥೆ. ಭಾರತ್ ಗೋಲ್ಡ್ ಮೈನ್ಸ್‌ನ ಭದ್ರತಾ ಅಧಿಕಾರಿ ಕ್ಯಾಪ್ಟನ್ ಎಂ. ಪಾಲ್ ಆಂಟನಿ ಅವರ ಮನೆ ಮೇಲೆ 1985ರಲ್ಲಿ ಪೊಲೀಸರು ದಾಳಿ ಮಾಡಿ ಚಿನ್ನ ಸಿಕ್ಕಿತೆಂದರು. ಅಮಾನತಾಯಿತು. ಅಮಾನತಿನಲ್ಲಿದ್ದವರಿಗೆ ಸಿಗಬೇಕಾದ ಜೀವನಾಧಾರ ಭತ್ಯೆ ಅವರ ಕೈಗೆ ಬರಲಿಲ್ಲ. ಕಾಯಿಲೆ ಬಿದ್ದು ಕೇರಳದಲ್ಲಿದ್ದ ಅವರಿಗೆ ಕೆಜಿಎಫ್‌ಗೆ ಬಂದು ವಿಚಾರಣೆಗೆ ಹಾಜರಾಗಲು ಆಗಲಿಲ್ಲ. ಅವರ ಗೈರಿನಲ್ಲೇ ಏಕಪಕ್ಷೀಯ ವಿಚಾರಣೆ ಮುಗಿದು 1986ರಲ್ಲಿ ವಜಾ ಆದೇಶ ಬಂತು. ಮರುವರ್ಷ ಅದೇ ದಾಳಿ, ಅದೇ ಸಾಕ್ಷಿಗಳನ್ನು ತೂಗಿ ನೋಡಿದ ಕ್ರಿಮಿನಲ್ ನ್ಯಾಯಾಲಯ ಅವರನ್ನು ಖುಲಾಸೆ ಮಾಡಿತು. ಆದರೂ ವಜಾ ರದ್ದಾಗಿ ಸೇವೆಗೆ ಮರಳಿಸುವ ಆದೇಶ ಸುಪ್ರೀಂ ಕೋರ್ಟಿನಿಂದ ಬಂದದ್ದು 1999ರಲ್ಲಿ. ಎರಡು ವರ್ಷ ಕಳೆಯುವಷ್ಟರಲ್ಲಿ ಆ ಗಣಿಯೇ ಮುಚ್ಚಿಹೋಯಿತು. ಹೊಟ್ಟೆಗೆ ಕೊಡದೆ ವಿಚಾರಣೆಗೆ ಬಾ ಎನ್ನುವುದು ಬದುಕುವ ಹಕ್ಕಿಗೇ ಏಟು ಎಂದು ಆ ತೀರ್ಪು ಹೇಳಿತು. ಇಷ್ಟಾದರೂ ಭತ್ಯೆಯ ಕಡತ ಮೇಜಿನಿಂದ ಮೇಜಿಗೆ ಅಲೆಯುವ ಚಾಳಿ ನಮ್ಮ ಕಚೇರಿಗಳನ್ನು ಬಿಟ್ಟಿಲ್ಲ.

ದಂಡನೆಯನ್ನೇ ಬೆದರಿಕೆಯಾಗಿ ಬಳಸಿದರೆ ಏನಾಗುತ್ತದೆ ಎಂಬುದನ್ನು 2021ರಲ್ಲಿ ಕಂಡಿದ್ದೇವೆ. ಆರನೇ ವೇತನ ಆಯೋಗದ ಸಂಬಳ ಕೇಳಿ ಸಾರಿಗೆ ನೌಕರರು ಏಪ್ರಿಲ್ 7ರಂದು ಬಸ್ ನಿಲ್ಲಿಸಿದರು. ವಜಾ, ಅಮಾನತು, ವರ್ಗಾವಣೆ ಆದೇಶಗಳು ದಿನದಿನವೂ ಹೊರಬಿದ್ದವು. ತರಬೇತಿಯಲ್ಲಿದ್ದವರ ಕೆಲಸಕ್ಕೆ ಮೊದಲು ಕುತ್ತು ಬಂತು. ಮುಂದೆ ಅವರಲ್ಲಿ ಅನೇಕರನ್ನು ವಾಪಸ್ ತೆಗೆದುಕೊಳ್ಳಲಾಯಿತು. ತಪ್ಪು ವಜಾ ಮಾಡುವಷ್ಟು ದೊಡ್ಡದಾಗಿದ್ದರೆ ಮರಳಿ ಕರೆದದ್ದೇಕೆ? ಅಷ್ಟು ದೊಡ್ಡದಲ್ಲದಿದ್ದರೆ ಹೊರಗೆ ಹಾಕಿದ್ದೇಕೆ? ಮಕ್ಕಳ ಫೀಸು, ಸೊಸೈಟಿ ಸಾಲದ ಕಂತು ನಿಂತ ಆ ತಿಂಗಳುಗಳಿಗೆ ಯಾರೂ ಉತ್ತರ ಕೊಟ್ಟಿಲ್ಲ.

ಇದಕ್ಕಿಂತ ಆಳವಾದ ಕುಸಿತ ಇನ್ನೊಂದಿದೆ. ಅಂಗನವಾಡಿ ಕಾರ್ಯಕರ್ತೆಯರು ಸರ್ಕಾರಿ ಹುದ್ದೆಯಲ್ಲಿರುವವರಲ್ಲ ಎಂದು ಅಮೀರ್‌ಬಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ತೀರ್ಮಾನಿಸಿದ್ದರಿಂದ 311ನೇ ವಿಧಿಯ ನೆರಳು ಅವರಿಗಿಲ್ಲ. ಕರ್ನಾಟಕದಿಂದಲೇ ಹೋದ ಉಮಾದೇವಿ ಪ್ರಕರಣದ 2006ರ ತೀರ್ಪು ದಿನಗೂಲಿ, ಗುತ್ತಿಗೆ ನೌಕರರ ಕಾಯಮಾತಿಯ ಬಾಗಿಲನ್ನು ಬಹುಮಟ್ಟಿಗೆ ಮುಚ್ಚಿತು. ಆ ತೀರ್ಪನ್ನು ದೀರ್ಘಕಾಲ ದುಡಿದವರ ವಿರುದ್ಧ ಆಯುಧ ಮಾಡಿಕೊಳ್ಳಬೇಡಿ ಎಂದು ಅದೇ ನ್ಯಾಯಾಲಯ 2024ರ ಡಿಸೆಂಬರಿನಲ್ಲಿ ಜಗ್ಗೋ ಪ್ರಕರಣದಲ್ಲಿ ಎಚ್ಚರಿಸಬೇಕಾಯಿತು. ಕಾಯಂ ಹುದ್ದೆ ಖಾಲಿ ಬಿಟ್ಟು ಏಜೆನ್ಸಿಯಿಂದ ಆಳು ತರಿಸಿಕೊಳ್ಳುವ ಕಚೇರಿಯಲ್ಲಿ ದೋಷಾರೋಪಣಾ ಪಟ್ಟಿಯ ಪ್ರಶ್ನೆಯೇ ಏಳುವುದಿಲ್ಲ. ‘ನಾಳೆಯಿಂದ ಬರಬೇಡ’ ಎಂಬ ಒಂದು ಫೋನು ಸಾಕು.

ಇದು ನೌಕರರ ಸಂಘದ ತಕರಾರು, ನಮಗೇನು ಎಂದು ಓದುಗರು ಕೈ ತೊಳೆದುಕೊಳ್ಳಬಾರದು. ಒಂದು ಫೋನಿಗೆ ಕೆಲಸ ಕಳೆದುಕೊಳ್ಳಬಲ್ಲವನು ಪ್ರಭಾವಿಯ ತೋಟಕ್ಕೆ ಊರಿನ ನೀರು ತಿರುಗಿಸಲು ಒಲ್ಲೆ ಎನ್ನಲಾರ. ಸುಳ್ಳು ಬಿಲ್ಲಿಗೆ ಸಹಿ ಹಾಕೆಂದರೆ ಬೆನ್ನು ನೆಟ್ಟಗೆ ಮಾಡಿ ನಿಲ್ಲಲಾರ. ವಿಚಾರಣೆಯ ಹಕ್ಕು ಅವನಿಗಿದ್ದರೆ ಮಾತ್ರ ನಮ್ಮ ಪರವಾಗಿ ಒಬ್ಬ ಇಲ್ಲವೆನ್ನಬಲ್ಲ.

ಹಾಗೆಂದು ಲಂಚಕೋರರಿಗೆ ರಕ್ಷೆ ಬೇಕೆಂದು ಯಾರೂ ಕೇಳುತ್ತಿಲ್ಲ. ಪ್ರಯಾಣಿಕರಿಂದ ಟಿಕೆಟ್ಟಿಗಿಂತ ಹೆಚ್ಚು ಹಣ ಪಡೆದ ಕೆಎಸ್‌ಆರ್‌ಟಿಸಿ ಕಂಡಕ್ಟರ್ ಒಬ್ಬರ ವಜಾವನ್ನು ಸುಪ್ರೀಂ ಕೋರ್ಟ್ 2001ರಲ್ಲಿ ಎತ್ತಿಹಿಡಿದಿದೆ. ತಪ್ಪು ಸಾಬೀತಾದರೆ ಕಾನೂನು ಕರುಣೆ ತೋರಬೇಕಿಲ್ಲ. ನಿಜವಾದ ಕಳ್ಳನಿಗೆ ಅನುಕೂಲವಾಗುವುದು ಅವಸರದ, ಅರ್ಧಂಬರ್ಧ ವಿಚಾರಣೆಯಿಂದಲೇ. ಒಂದು ದಾಖಲೆ ಕೊಡಲಿಲ್ಲ, ಒಬ್ಬ ಸಾಕ್ಷಿಯನ್ನು ಪಾಟೀಸವಾಲಿಗೆ ಬಿಡಲಿಲ್ಲ ಎಂಬ ಲೋಪ ಹಿಡಿದು ಅವನು ವರ್ಷಗಳ ನಂತರ ಹಿಂಬಾಕಿ ಸಮೇತ ಅದೇ ಕುರ್ಚಿಗೆ ಬರುತ್ತಾನೆ. ಆ ಹಣ ತೆರಿಗೆದಾರರದು. ಲೋಪ ಮಾಡಿದ ಅಧಿಕಾರಿಯ ಜೇಬಿನಿಂದ ನಯಾಪೈಸೆ ಹೋಗುವುದಿಲ್ಲ.

ಸರ್ಕಾರ ಮಾಡಬೇಕಾದದ್ದು ಕಷ್ಟದ್ದಲ್ಲ. ದೂರು ಕೊಟ್ಟ ಅಧಿಕಾರಿಯ ಕೈಕೆಳಗಿನವರನ್ನು ವಿಚಾರಣಾಧಿಕಾರಿ ಮಾಡಕೂಡದು. ಜೀವನಾಧಾರ ಭತ್ಯೆ ಪಾವತಿಯಾದ ದಾಖಲೆ ಇಲ್ಲದೆ ವಿಚಾರಣೆ ಆರಂಭಿಸಕೂಡದು. ಮೂರು ತಿಂಗಳೊಳಗೆ ದೋಷಾರೋಪಣೆ ಕೊಡದೆ ಅಮಾನತು ಎಳೆಯಬಾರದೆಂಬ 2015ರ ಅಜಯ್ ಕುಮಾರ್ ಚೌಧರಿ ತೀರ್ಪನ್ನು ಚಾಚೂತಪ್ಪದೆ ಪಾಲಿಸಬೇಕು. ಗುತ್ತಿಗೆ, ಹೊರಗುತ್ತಿಗೆ, ಗೌರವಧನದ ಮೇಲೆ ದುಡಿಯುವವರಿಗೂ ಲಿಖಿತ ಆರೋಪ, ಉತ್ತರಿಸಲು ಕಾಲಾವಕಾಶ, ತಾಲ್ಲೂಕು ಮಟ್ಟದಲ್ಲೇ ಒಂದು ಮೇಲ್ಮನವಿ ಸಿಗಬೇಕು. ಹದಡಿಯ ಒಬ್ಬ ವಾಟರ್‌ಮ್ಯಾನ್ ನ್ಯಾಯಕ್ಕಾಗಿ ಬೆಂಗಳೂರಿನವರೆಗೆ ಸಾಲ ಮಾಡಿ ಹೋಗುವಂತಾಗಬಾರದು. ನ್ಯಾಯಾಲಯಗಳಲ್ಲಿ ಬಿದ್ದುಹೋದ ವಜಾ ಆದೇಶಗಳೆಷ್ಟು, ಅದಕ್ಕೆ ತೆತ್ತ ಹಿಂಬಾಕಿ ಎಷ್ಟು, ಆದೇಶಕ್ಕೆ ಸಹಿ ಹಾಕಿದವರು ಯಾರು ಎಂಬುದನ್ನು ಪ್ರತಿ ಇಲಾಖೆಯೂ ವರ್ಷಕ್ಕೊಮ್ಮೆ ಸದನದ ಮುಂದಿಡಬೇಕು. ಮುಂದಿನ ಅಧಿವೇಶನದಲ್ಲಿ ದಾವಣಗೆರೆ, ಹರಿಹರದ ಶಾಸಕರು ಈ ಲೆಕ್ಕ ಕೇಳಲಿ. ಕೇಳುವ ತನಕ ಅವರನ್ನು ಕೇಳುವುದು ನಮ್ಮ ಕೆಲಸ.